ನಾರ್ದರ್ನ್: ಹಿಮದ ಸೀಮೆಯ ಸಾಹಸ ಕಥೆ

ಕೌಬಾಯ್ ಕಥೆಗಳಿಗೆ ವೆಸ್ಟರ್ನ್ ಅನ್ನುತ್ತಾರೆ, ಗೊತ್ತೇ ಇದೆ ಅಲ್ವಾ? ನಾರ್ದರ್ನ್ ಅದರ ದಾಯಾದಿ. ಕೆನಡಾದ ಯೂಕಾನ್, ಅಮೆರಿಕದ ಅಲಾಸ್ಕಾ ಕಡೆಯ ಹಿಮದ ಕಾಡುಗಳಲ್ಲಿ ನಡೆಯುವ ಸಾಹಸ ಕಥೆಗೆ ಈ ಹೆಸರು. ಚಿನ್ನ ಹುಡುಕಿ ಬಂದವರು, ನಾಯಿಗಳು ಎಳೆಯುವ ಜಾರುಬಂಡಿ, ಮೌಂಟಿ ಎಂದು ಕರೆಸಿಕೊಳ್ಳುವ ಕೆಂಪು ಕೋಟಿನ ಪೊಲೀಸ್ ಇದ್ದರೆ ಅದು ನಾರ್ದರ್ನ್ ಅಂತ ಥಟ್ಟನೆ ಗೊತ್ತಾಗುತ್ತದೆ.

ಟಿವಿಯಲ್ಲಿ ಇದಕ್ಕೆ ಒಳ್ಳೆಯ ಉದಾಹರಣೆ 'ಸಾರ್ಜೆಂಟ್ ಪ್ರೆಸ್ಟನ್ ಆಫ್ ದಿ ಯೂಕಾನ್'. 1955ರಿಂದ 1958ರವರೆಗೆ ಅಮೆರಿಕದ ಸಿಬಿಎಸ್ ವಾಹಿನಿಯಲ್ಲಿ ಬಂದ ಧಾರಾವಾಹಿ. ಕಥೆ ಇನ್ನೂ ಹಳೆಯದು, 1938ರಲ್ಲೇ ಡೆಟ್ರಾಯ್ಟ್‌ನ ರೇಡಿಯೋದಲ್ಲಿ ಶುರುವಾಗಿತ್ತು. ಪ್ರೆಸ್ಟನ್ ಪಾತ್ರದಲ್ಲಿ ರಿಚರ್ಡ್ ಸಿಮನ್ಸ್, ಜೊತೆಗೆ ಕುದುರೆ ರೆಕ್ಸ್, ನಾಯಿ ಯೂಕಾನ್ ಕಿಂಗ್. ಚಿತ್ರೀಕರಣ ಹೆಚ್ಚಾಗಿ ನಡೆದದ್ದು ಯೂಕಾನ್‌ನಲ್ಲಲ್ಲ, ಅಮೆರಿಕದ ಬೆಟ್ಟಗಳಲ್ಲಿ.

ಈ ಪ್ರೆಸ್ಟನ್ ತನ್ನ ಅಪ್ಪನನ್ನು ಕೊಂದವನನ್ನು ಹಿಡಿಯಲೆಂದೇ ಪೊಲೀಸ್ ಸೇರಿದವನು. ವೆಸ್ಟರ್ನ್ ಆಗಿದ್ದರೆ ನಡುಬೀದಿಯಲ್ಲಿ ಗುಂಡು ಹಾರಿ ಲೆಕ್ಕ ಚುಕ್ತಾ ಆಗುತ್ತಿತ್ತು. ಇಲ್ಲಿ ಕೈಗೆ ಬೇಡಿ ಬೀಳುತ್ತದೆ. ನನ್ನ ಪ್ರಕಾರ ನಾರ್ದರ್ನ್‌ನ ಜೀವಾಳವೇ ಇದು: ಕಾನೂನು ಮೊದಲೇ ಬಂದು ಕೂತಿರುತ್ತದೆ, ಜನ ಆಮೇಲೆ ಬರುತ್ತಾರೆ.

ಇದು ಸುಮ್ನೆ ಕಟ್ಟಿದ್ದಲ್ಲ. ಯೂಕಾನ್‌ನ ಕ್ಲೊಂಡೈಕ್ ನದಿಯ ಸೀಮೆಯಲ್ಲಿ ಚಿನ್ನ ಸಿಕ್ಕಿದ್ದು 1896ರ ಆಗಸ್ಟ್‌ನಲ್ಲಿ. ಮೌಂಟಿಗಳು ಯೂಕಾನ್‌ಗೆ ಕಾಲಿಟ್ಟಿದ್ದು 1894ರಲ್ಲೇ. ಜನ ನುಗ್ಗಿದಾಗ ಅವರು ಅಲ್ಲಿಗೆ ಹೋಗುವ ಚಿಲ್ಕೂಟ್ ಎಂಬ ಬೆಟ್ಟದ ದಾರಿಯ ನೆತ್ತಿಯಲ್ಲಿ ನಿಂತು ಒಬ್ಬೊಬ್ಬರ ಗಂಟುಮೂಟೆ ನೋಡಿದರು. ಒಂದು ವರ್ಷಕ್ಕಾಗುವಷ್ಟು ದಿನಸಿ ಇಲ್ಲದವರನ್ನು ಒಳಗೆ ಬಿಡಲಿಲ್ಲ. ಸಲಕರಣೆ ಸೇರಿ ಒಬ್ಬನ ಸಾಮಾನು ಹತ್ತಿರಹತ್ತಿರ ಒಂದು ಟನ್! ಅಷ್ಟನ್ನೂ ಬೆನ್ನ ಮೇಲೆ ಹೊತ್ತು, ಹಿಮದಲ್ಲಿ ಕಡಿದ ಮೆಟ್ಟಿಲು ಹತ್ತಿ ಇಳಿದು, ಮತ್ತೆ ಮತ್ತೆ ಹತ್ತಬೇಕಿತ್ತು. ಆ ಚಳಿಯಲ್ಲಿ ಕಳ್ಳನಿಗಿಂತ ಹಸಿವೇ ಜಾಸ್ತಿ ಅಪಾಯಕಾರಿ ಅಂತ ಪೊಲೀಸರಿಗೆ ಗೊತ್ತಿತ್ತು.

ಪ್ರೆಸ್ಟನ್ ಕಥೆಗೆ ಸಂಬಂಧಿಸಿದ ಇನ್ನೊಂದು ಸ್ವಾರಸ್ಯವೂ ಇದೆ. 1955ರಲ್ಲಿ ಪ್ರಾಯೋಜಕರಾದ ಕ್ವೇಕರ್ ಓಟ್ಸ್‌ನವರು ತಿಂಡಿಯ ಡಬ್ಬಿಗಳ ಜೊತೆ ಯೂಕಾನ್‌ನ ಒಂದು ಚದರ ಇಂಚು ಜಾಗದ ಪತ್ರ ಹಂಚಿದರು. ಒಟ್ಟು 2.1 ಕೋಟಿ ಪತ್ರಗಳು. ತೆರಿಗೆ ಕಟ್ಟದೆ ಆ ಜಮೀನು 1965ರಲ್ಲಿ ಸರ್ಕಾರದ ಪಾಲಾಯಿತು.

ಆದರೆ ನಾರ್ದರ್ನ್ ಕಥೆಗಳ ದೊಡ್ಡ ಕೊರತೆಯನ್ನೂ ಹೇಳಲೇಬೇಕು. ಆ ನೆಲದ ಮೂಲ ಜನರು ಇಲ್ಲಿ ಬರೀ ಹಿನ್ನೆಲೆಯಲ್ಲಿ ಉಳಿಯುತ್ತಾರೆ. ನಿಜದಲ್ಲಿ ಕ್ಲೊಂಡೈಕ್ ಚಿನ್ನ ಕಂಡವರ ಗುಂಪಿನಲ್ಲೇ ಟ್ಯಾಗಿಶ್ ಸಮುದಾಯದ ಸ್ಕೂಕಮ್ ಜಿಮ್ ಇದ್ದರು. ಚಿನ್ನದ ಗದ್ದಲದಲ್ಲಿ ಅಲ್ಲಿನ ಇನ್ನೊಂದು ಮೂಲ ಸಮುದಾಯವಾದ ಹಾನ್ ಜನರು ಕ್ಲೊಂಡೈಕ್ ನದಿಮುಖದ ತಮ್ಮ ಮೀನುಗಾರಿಕೆಯ ಜಾಗವನ್ನೇ ಕಳೆದುಕೊಂಡರು. ಅವರ ನಾಯಕ ಚೀಫ್ ಐಸಾಕ್ ತಮ್ಮವರನ್ನು ಕರೆದುಕೊಂಡು ಮೂಸ್‌ಹೈಡ್ ಎಂಬಲ್ಲಿಗೆ ಹೋಗಿ ನೆಲೆಸಿದರು.