ಪದ ಪರಿಚಯ: ಯುದ್ಧ ಚಿತ್ರಕಾರ

ಕನ್ನಡದಲ್ಲಿ 'ಯುದ್ಧಕಲೆ' ಅಂದ ಕೂಡಲೇ ಕತ್ತಿವರಸೆ, ವ್ಯೂಹರಚನೆ ನೆನಪಾಗುತ್ತವೆ. ಹಾಗಾಗಿ ಬ್ರಿಟನ್ನಿನ 'ವಾರ್ ಆರ್ಟ್'ಗೆ ಯುದ್ಧ ಚಿತ್ರಕಲೆ ಎನ್ನುವುದೇ ಸರಿ. ಆದರೆ ಯುದ್ಧದ ಚಿತ್ರ ಬರೆದವರೆಲ್ಲ 'ಅಧಿಕೃತ ಯುದ್ಧ ಚಿತ್ರಕಾರ'ರಲ್ಲ. ಸರ್ಕಾರವೇ ನೇಮಿಸಿ, ರಣರಂಗಕ್ಕೋ ಕಾರ್ಖಾನೆಗೋ ಕಳಿಸಿ, ಕಂಡದ್ದನ್ನು ದಾಖಲಿಸುವ ಕೆಲಸ ಒಪ್ಪಿಸಿದವರಿಗೆ ಮಾತ್ರ ಈ ಹೆಸರು.

ಬ್ರಿಟನ್ನಿನಲ್ಲಿ ಮೊದಲಿಗರು ಮ್ಯೂರ್‌ಹೆಡ್ ಬೋನ್. ಮೊದಲನೆಯ ಮಹಾಯುದ್ಧ ನಡೆದಿದ್ದ 1916ರಲ್ಲಿ ಅವರನ್ನು ಫ್ರಾನ್ಸಿಗೆ ಕಳಿಸಿದ್ದು ಪ್ರಚಾರಕ್ಕೆ ಬೇಕಾದ ಚಿತ್ರಗಳಿಗಾಗಿ. 1918ರ ಹೊತ್ತಿಗೆ ಉದ್ದೇಶ ಬದಲಾಯಿತು. ಸ್ಮಾರಕ ಭವನವೊಂದನ್ನು ಕಟ್ಟುವ ಯೋಜನೆ ಹಾಕಿ, ಅದರ ಗೋಡೆಗಳಿಗೆಂದು ಅಳತೆ ಗೊತ್ತುಮಾಡಿ ಚಿತ್ರಗಳನ್ನು ಬರೆಸಿದರು. ಭವನ ಏಳಲೇ ಇಲ್ಲ. ಚಿತ್ರಗಳು ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಂ ಸೇರಿದವು. ಅವುಗಳಲ್ಲಿ ಜಾನ್ ಸಿಂಗರ್ ಸಾರ್ಜೆಂಟರ 'ಗ್ಯಾಸ್‌ಡ್' (1919) ಸುಮಾರು 20 ಅಡಿ ಉದ್ದ. ಮಸ್ಟರ್ಡ್ ಗ್ಯಾಸ್ ಎಂಬ ವಿಷಾನಿಲಕ್ಕೆ ಸಿಕ್ಕಿ ಕಣ್ಣಿಗೆ ಪಟ್ಟಿ ಕಟ್ಟಿಸಿಕೊಂಡ ಸೈನಿಕರು ಮುಂದಿನವನ ಹೆಗಲು ಹಿಡಿದು ಸಾಲಾಗಿ ನಡೆಯುತ್ತಿದ್ದಾರೆ. ಸಾಲಿನಲ್ಲಿ ಒಬ್ಬ ಅಗತ್ಯಕ್ಕಿಂತ ತೀರಾ ಮೇಲಕ್ಕೆ ಕಾಲೆತ್ತಿದ್ದಾನೆ. ಮೆಟ್ಟಿಲು ಎಷ್ಟೆತ್ತರವೋ ಅವನಿಗೆ ಕಾಣದು. ಕುರುಡಾಗುವುದು ಎಂದರೇನೆಂದು ಆ ಒಂದು ಕಾಲು ಹೇಳಿಬಿಡುತ್ತದೆ.

ಅಧಿಕೃತ ಅಂದ ಮೇಲೆ ಸೆನ್ಸಾರ್ ಇದ್ದೇ ಇತ್ತು. ಕೆಸರಿನಲ್ಲಿ ಬೋರಲು ಬಿದ್ದ ಇಬ್ಬರು ಬ್ರಿಟಿಷ್ ಸೈನಿಕರ ಹೆಣಗಳನ್ನು ಬರೆದ ಸಿ.ಆರ್.ಡಬ್ಲ್ಯು. ನೆವಿನ್ಸನ್‌ಗೆ ಅದನ್ನು ಪ್ರದರ್ಶಿಸಬಾರದೆಂದು ಆಜ್ಞೆಯಾಯಿತು. 1918ರಲ್ಲಿ ಅವರು ಕಂದು ಕಾಗದದ ಪಟ್ಟಿಯ ಮೇಲೆ 'ಸೆನ್ಸಾರ್ಡ್' ಎಂದು ಬರೆದು, ಅದನ್ನು ಚಿತ್ರಕ್ಕೆ ಅಡ್ಡಲಾಗಿ ಅಂಟಿಸಿ ತೂಗುಹಾಕಿದರು. ಅದಕ್ಕೂ ಛೀಮಾರಿ ಬಿತ್ತು.

ಎರಡನೆಯ ಮಹಾಯುದ್ಧದಲ್ಲಿ, 1939ರಲ್ಲಿ, ಕಲಾ ಇತಿಹಾಸಕಾರ ಕೆನೆತ್ ಕ್ಲಾರ್ಕ್ ಮುಂದಾಳತ್ವದಲ್ಲಿ ಯುದ್ಧ ಕಲಾವಿದರ ಸಲಹಾ ಸಮಿತಿ ಬಂತು. ಕೆಲವರಿಗೆ ಸಂಬಳ, ಕೆಲವರಿಗೆ ಗೊತ್ತಾದ ಚಿತ್ರಕ್ಕೆ ಇಷ್ಟೆಂದು ಹಣ. ಉಳಿದವರು ತಾವಾಗಿ ಬರೆದದ್ದನ್ನು ಸಮಿತಿಯೇ ಕೊಳ್ಳುತ್ತಿತ್ತು. ಹೀಗೆ ಸುಮಾರು 6,000 ಕೃತಿಗಳು ಕೂಡಿದವು.

ಬಾಂಬಿಗೆ ಹೆದರಿ ಜನ ರಾತ್ರಿ ಮಲಗುತ್ತಿದ್ದ ಲಂಡನ್ನಿನ ಸುರಂಗ ರೈಲು ನಿಲ್ದಾಣಗಳನ್ನು ಶಿಲ್ಪಿ ಹೆನ್ರಿ ಮೂರ್ ಬರೆದರು. ಮಲಗಿದವರ ಮುಂದೆ ಕೂತು ಬರೆಯುವುದು ಸಭ್ಯತೆಯಲ್ಲವೆಂದು ನೋಡಿಕೊಂಡು ಬಂದು ಆಮೇಲೆ ಬರೆಯುತ್ತಿದ್ದರು. ಮೇಣದ ಕ್ರೇಯಾನಿನಲ್ಲಿ ಮೈಗಳ ಗೆರೆ ಎಳೆದು, ಮೇಲೆ ಕಡುಬಣ್ಣದ ಜಲವರ್ಣ ಬಳಿಯುವುದು ಅವರ ರೀತಿ. ಮೇಣ ನೀರನ್ನು ಒಲ್ಲದು. ಕತ್ತಲೆ ಸುತ್ತ ಹರಡಿ ಗೆರೆ ಬೆಳ್ಳಗೆ ಉಳಿಯುತ್ತದೆ. ಕ್ರೇಯಾನನ್ನು ಒತ್ತಿ ಎಳೆಯದಿದ್ದರೆ ಬಣ್ಣ ಸಂದಿಯಲ್ಲಿ ನುಗ್ಗಿ ಗೆರೆ ಕಲೆಗಟ್ಟುತ್ತದೆ. ಬಣ್ಣ ಗಟ್ಟಿಯಾದರೆ ಮೇಣವೇ ಮುಚ್ಚಿಹೋಗುತ್ತದೆ. ತಪ್ಪಿದ ಗೆರೆಯನ್ನು ಅಳಿಸುವಂತೆಯೂ ಇಲ್ಲ.

ಕಲಾವಿದರು ಯುದ್ಧದಲ್ಲಿ ಸಾಯದಂತೆ ಕಾಯುವುದೂ ಕ್ಲಾರ್ಕ್ ಉದ್ದೇಶಗಳಲ್ಲಿ ಒಂದಾಗಿತ್ತು. ಆದರೂ ಮೂವರು ಹೋದರು: 1942ರಲ್ಲಿ ಐಸ್‌ಲ್ಯಾಂಡಿನಿಂದ ಹಾರಿದ ವಿಮಾನದೊಂದಿಗೆ ಎರಿಕ್ ರವಿಲಿಯಸ್, 1945ರಲ್ಲಿ ನೆಲಬಾಂಬಿಗೆ ಆಲ್ಬರ್ಟ್ ರಿಚರ್ಡ್ಸ್, ಅದೇ ವರ್ಷ ಜಾವಾದಲ್ಲಿ ಥಾಮಸ್ ಹೆನ್ನೆಲ್.