‘ಮತ್ತಿತರರು’ ಅನ್ನೋದನ್ನ ಯಾವ ಭಾಷೆಯಲ್ಲಿ ಹಾಕಬೇಕು?

ಚೀನಾದಲ್ಲಿ ಸಂಶೋಧನಾ ಪ್ರಬಂಧ ಬರೆಯುವವರು ಜಿಬಿ/ಟಿ 7714 ಎಂಬ ರಾಷ್ಟ್ರೀಯ ಮಾನದಂಡದ ಸಹವಾಸ ಮಾಡಲೇಬೇಕು. ಆಕರಗಳ ಪಟ್ಟಿ ಹೇಗಿರಬೇಕು ಎಂದು ಹೇಳುವ ನಿಯಮ ಇದು. 1987ರಲ್ಲಿ ಬಂತು, 2005 ಮತ್ತು 2015ರಲ್ಲಿ ಪರಿಷ್ಕರಣೆಯಾಯಿತು. ಶೀರ್ಷಿಕೆಯ ನಂತರ ಚೌಕ ಕಂಸದಲ್ಲಿ ಒಂದು ರೋಮನ್ ಅಕ್ಷರ ಬರುತ್ತದೆ: ಪುಸ್ತಕಕ್ಕೆ ಎಂ, ನಿಯತಕಾಲಿಕದ ಲೇಖನಕ್ಕೆ ಜೆ, ಪೇಟೆಂಟಿಗೆ ಪಿ. ಡಿಎನ್‌ಎ ರಚನೆ ತಿಳಿಸಿದ 1953ರ ಲೇಖನವನ್ನೇ ತಗೊಳ್ಳಿ. ವಾಟ್ಸನ್, ಕ್ರಿಕ್ ಎಂಬ ಮನೆತನದ ಹೆಸರುಗಳು ಮೊದಲು, ಅದೂ ದೊಡ್ಡಕ್ಷರದಲ್ಲಿ. ಆಮೇಲೆ ಇನಿಷಿಯಲ್‌ಗಳು, ನಡುವೆ ಚುಕ್ಕಿ ಇಲ್ಲದೆ.

ನೂರಾರು ಆಕರಗಳಿಗೆ ಇದನ್ನೆಲ್ಲ ಕೈಯಲ್ಲಿ ಟೈಪ್ ಮಾಡೋದು ಯಾರಿಗೆ ಬೇಕು? ಅದಕ್ಕೇ ಝೊಟೆರೊದಂಥ ತಂತ್ರಾಂಶ ಇದೆ. ಲೇಖಕರು, ಶೀರ್ಷಿಕೆ, ವರ್ಷ ಎಲ್ಲವನ್ನೂ ಅದು ಬೇರೆ ಬೇರೆ ಖಾನೆಗಳಲ್ಲಿ ಇಟ್ಟುಕೊಳ್ಳುತ್ತದೆ. ಜೋಡಿಸುವ ನಿಯಮ ಸಿಎಸ್‌ಎಲ್ ಎಂಬ ಕಂಪ್ಯೂಟರ್ ಭಾಷೆಯಲ್ಲಿ ಬರೆದ ಶೈಲಿ ಫೈಲಿನಲ್ಲಿರುತ್ತದೆ. ಫೈಲ್ ಬದಲಿಸಿದರೆ ಇಡೀ ಪಟ್ಟಿಯೇ ಬದಲಾಗುತ್ತದೆ.

ತೊಡಕು ಶುರುವಾಗೋದು ಲೇಖಕರು ಮೂವರಿಗಿಂತ ಜಾಸ್ತಿ ಇದ್ದಾಗ. ಮೊದಲ ಮೂವರ ಹೆಸರು ಬರೆದು ಉಳಿದವರನ್ನು ‘ಮತ್ತಿತರರು’ ಎಂದು ಮುಗಿಸಬೇಕು. ಚೀನಿ ಲೇಖನವಾದರೆ ಅಲ್ಲಿ ‘ಡಂಗ್’ ಎಂಬ ಚೀನಿ ಅಕ್ಷರ, ಇಂಗ್ಲಿಷ್ ಲೇಖನವಾದರೆ ‘ಎಟ್ ಆಲ್’. ಒಂದೇ ಪಟ್ಟಿಯಲ್ಲಿ ಎರಡೂ ಬೇಕು. ಆದರೆ ಸಿಎಸ್‌ಎಲ್ ರೂಪಿಸಿದ್ದೇ ಒಂದು ಪಟ್ಟಿಗೆ ಒಂದು ಭಾಷೆ ಎಂಬ ಲೆಕ್ಕದಲ್ಲಿ. ಹಾಗಾಗಿ ಪಟ್ಟಿಯ ಭಾಷೆ ಚೀನಿ ಎಂದಿಟ್ಟರೆ ಇಂಗ್ಲಿಷ್ ಲೇಖಕರ ಹೆಸರಿನ ಕೊನೆಗೂ ಚೀನಿ ಅಕ್ಷರ ಬಂದು ಕೂರುತ್ತದೆ. ಇದನ್ನು ಸರಿಪಡಿಸಲು ಚೀನಾದ ಬಳಕೆದಾರರೇ ಎರಡು ಭಾಷೆಯ ಶೈಲಿ ಫೈಲುಗಳನ್ನು ಬರೆದು ಎಲ್ಲರಿಗೂ ಹಂಚಿದ್ದಾರೆ. ನನ್ನ ಮಟ್ಟಿಗೆ ಇದು ತುಂಬಾ ದೊಡ್ಡ ಕೆಲಸ. ಆದರೆ ಒಂದು ಷರತ್ತಿದೆ. ಪ್ರತಿ ಆಕರದ ‘ಭಾಷೆ’ ಖಾನೆಯನ್ನು ನಾವೇ ತುಂಬಿರಬೇಕು. ಯಾರೂ ಗಮನಿಸದೆ ಖಾಲಿ ಬಿಡುವ ಖಾನೆ ಅದು! ಖಾಲಿ ಇದ್ದರೆ ಯಂತ್ರ ಶೀರ್ಷಿಕೆ ಓದಿ ಭಾಷೆ ಊಹಿಸಲ್ಲ, ಫೈಲಿನ ಮೂಲ ನಿಯಮವನ್ನೇ ಹಚ್ಚುತ್ತದೆ.

ಪ್ರಬಂಧದ ಒಳಗೆ ಲೇಖಕರ ಹೆಸರು, ವರ್ಷ ಕೊಟ್ಟು ಆಕರ ಸೂಚಿಸುವ ಲೇಖಕ-ವರ್ಷ ಪದ್ಧತಿಯಲ್ಲಿ ಇನ್ನೊಂದು ಗಂಟಿದೆ. ಅಲ್ಲಿ ಆಕರಗಳನ್ನು ಭಾಷೆವಾರು ಗುಂಪು ಮಾಡಬೇಕು, ಚೀನಿ ಹೆಸರುಗಳನ್ನು ಉಚ್ಚಾರಣೆಯ ಪ್ರಕಾರ ಅಥವಾ ಅಕ್ಷರದ ಗೆರೆಗಳ ಲೆಕ್ಕದಲ್ಲಿ ಜೋಡಿಸಬೇಕು. ಕೆಲವು ಅಕ್ಷರಗಳಿಗೆ ಎರಡು ಉಚ್ಚಾರಣೆ. ಸಾಮಾನ್ಯವಾಗಿ ‘ಡಾನ್’ ಎಂದು ಓದುವ ಅಕ್ಷರವೊಂದು ಮನೆತನದ ಹೆಸರಾದಾಗ ‘ಶಾನ್’ ಆಗುತ್ತದೆ. ರೂಢಿಯ ಉಚ್ಚಾರಣೆಯನ್ನಷ್ಟೇ ಬಲ್ಲ ತಂತ್ರಾಂಶ ಆ ಲೇಖಕರನ್ನು ತಪ್ಪು ಜಾಗದಲ್ಲಿ ಕೂರಿಸುತ್ತದೆ. ಅಲ್ಲಿ ಕಣ್ಣಾಡಿಸಿ ತಿದ್ದಲು ಮನುಷ್ಯರೇ ಬೇಕು.

ಕನ್ನಡದಲ್ಲಿ ಪ್ರಬಂಧ ಬರೆಯುವವರ ಪಟ್ಟಿಯಲ್ಲೂ ಕನ್ನಡ, ಇಂಗ್ಲಿಷ್ ಎರಡೂ ಇರುತ್ತವೆ ಅಲ್ವಾ? ಭಾಷೆಯ ಖಾನೆಯನ್ನು ಮೊದಲ ಆಕರದಿಂದಲೇ ತುಂಬುತ್ತ ಹೋಗಿ.