ಗೆಣಸಿನ ಬೇಕ್ಡ್ ಕಸ್ಟರ್ಡ್ ನೀರು ಬಿಡುವುದೇಕೆ?

ಪ್ರಶ್ನೆ: ಗೆಣಸನ್ನು ಬೇಯಿಸಿ, ಅದಕ್ಕೆ ಹಾಲು, ಮೊಟ್ಟೆ ಮತ್ತು ಸಕ್ಕರೆ ಬೆರೆಸಿ ಓವನ್‌ನಲ್ಲಿ ಕಸ್ಟರ್ಡ್ ಮಾಡುತ್ತೇನೆ. ಪ್ರತಿ ಸಲವೂ ಅಂಚು ರಬ್ಬರಿನಂತೆ ಗಟ್ಟಿಯಾಗುತ್ತದೆ, ನಡುಭಾಗ ರವೆರವೆಯಾಗುತ್ತದೆ, ತಣ್ಣಗಾದ ಮೇಲೆ ಬಟ್ಟಲಿನ ತಳದಲ್ಲಿ ನೀರು ನಿಲ್ಲುತ್ತದೆ. ಮೊಟ್ಟೆ ಸಾಲದಾಯಿತೇನೋ ಎಂದು ಒಂದು ಹೆಚ್ಚಿಗೆ ಹಾಕಿ ನೋಡಿದೆ, ಇನ್ನಷ್ಟು ಕೆಟ್ಟಿತು. ಎಲ್ಲಿ ತಪ್ಪುತ್ತಿದ್ದೇನೆ?

ಉತ್ತರ: ತಪ್ಪು ಮೊಟ್ಟೆಯ ಲೆಕ್ಕದಲ್ಲಿಲ್ಲ. ನೀವು ಹೇಳಿರುವ ಮೂರು ಲಕ್ಷಣಗಳೂ ಎರಡೇ ಕಾರಣಗಳ ಕಡೆಗೆ ಬೆರಳು ತೋರಿಸುತ್ತವೆ: ಗೆಣಸಿನ ಜೊತೆಯಲ್ಲಿ ಬೇಡದ ನೀರು ಮಿಶ್ರಣದೊಳಗೆ ಬಂದಿದೆ, ಮತ್ತು ಓವನ್‌ನಲ್ಲಿ ಕಸ್ಟರ್ಡ್ ತನ್ನ ಹದವನ್ನು ದಾಟಿ ಬೆಂದಿದೆ. ಎರಡನೆಯದು ಎಲ್ಲ ಕಸ್ಟರ್ಡ್‌ಗಳಿಗೂ ಬರುವ ಕೇಡು. ಮೊದಲನೆಯದು ಗೆಣಸಿನಂತಹ ತಿರುಳನ್ನು ಬಳಸಿದಾಗ ವಿಶೇಷವಾಗಿ ಕಾಡುತ್ತದೆ.

ಮೊದಲಿಗೆ ಕಸ್ಟರ್ಡ್ ಗಟ್ಟಿಯಾಗುವ ಬಗೆಯನ್ನು ನೋಡೋಣ, ಏಕೆಂದರೆ ಅದು ತಿಳಿದರೆ ಉಳಿದ ಎಲ್ಲ ಎಚ್ಚರಿಕೆಗಳೂ ತಾವಾಗಿಯೇ ಅರ್ಥವಾಗುತ್ತವೆ. ಹಸಿ ಮೊಟ್ಟೆಯಲ್ಲಿ ಪ್ರೋಟೀನಿನ ಎಳೆಗಳು ಸಣ್ಣ ಉಂಡೆಗಳಂತೆ ಸುತ್ತಿಕೊಂಡು ಬಿಡಿಬಿಡಿಯಾಗಿ ತೇಲುತ್ತಿರುತ್ತವೆ. ಶಾಖ ತಾಗಿದಾಗ ಆ ಉಂಡೆಗಳು ಬಿಚ್ಚಿಕೊಂಡು, ಒಂದರೊಡನೊಂದು ಹೆಣೆದುಕೊಂಡು ಒಂದು ಬಲೆಯಾಗುತ್ತವೆ, ಹಾಲಿನ ದ್ರವವೆಲ್ಲ ಆ ಬಲೆಯ ಕಣ್ಣುಗಳಲ್ಲಿ ನಿಲ್ಲುತ್ತದೆ. ಬರೀ ಮೊಟ್ಟೆಯಾದರೆ 62ರಿಂದ 70 ಡಿಗ್ರಿ ಸೆಲ್ಸಿಯಸ್‌ನ ಒಳಗೇ ಗಟ್ಟಿಯಾಗತೊಡಗುತ್ತದೆ. ಆದರೆ ಹಾಲು ಬೆರೆತಾಗ ಎಳೆಗಳು ದೂರದೂರ ಹರಡಿಕೊಳ್ಳುತ್ತವೆ, ಸಕ್ಕರೆಯು ಅವು ಬಿಚ್ಚಿಕೊಳ್ಳುವುದನ್ನು ತಡಮಾಡುತ್ತದೆ. ಆದ್ದರಿಂದ ಕಸ್ಟರ್ಡ್ ಕಟ್ಟುವುದು ಸುಮಾರು 78ರಿಂದ 82 ಡಿಗ್ರಿಯ ಹೊತ್ತಿಗೆ. 85 ಡಿಗ್ರಿ ದಾಟಿತೆಂದರೆ ಅದೇ ಬಲೆ ಬಿಗಿಯತೊಡಗಿ, ಹಿಡಿದಿಟ್ಟಿದ್ದ ದ್ರವವನ್ನು ಹಿಂಡಿ ಹೊರಹಾಕುತ್ತದೆ. ತಳದಲ್ಲಿ ನಿಂತ ನೀರು, ನಾಲಿಗೆಗೆ ತಾಗಿದ ರವೆ, ಅಂಚಿನ ರಬ್ಬರುತನ ಈ ಮೂರೂ ಒಂದೇ ಬಿಗಿತದ ಮೂರು ರೂಪಗಳು. ಮೊಟ್ಟೆ ಹೆಚ್ಚಿಸಿದಾಗ ಬಲೆಯ ಎಳೆಗಳು ಹೆಚ್ಚಾಗಿ ಬಿಗಿತವೂ ಬಲವಾಗುತ್ತದೆ. ನೀವು ಪರಿಹಾರವೆಂದು ಮಾಡಿದ್ದು ಕೇಡನ್ನು ಹೆಚ್ಚಿಸಿದ್ದು ಹೀಗೆ.

ಇನ್ನು ಗೆಣಸಿನ ವಿಚಾರ. ಹಸಿ ಗೆಣಸಿನ ತೂಕದಲ್ಲಿ ಮುಕ್ಕಾಲು ಪಾಲು ನೀರೇ ಇರುತ್ತದೆ. ಅದನ್ನು ಸಿಪ್ಪೆ ತೆಗೆದು, ತುಂಡು ಮಾಡಿ ನೀರಿನಲ್ಲಿ ಬೇಯಿಸಿದರೆ ಆ ನೀರು ಒಳಗೇ ಉಳಿಯುವುದಲ್ಲದೆ, ಕತ್ತರಿಸಿದ ಮುಖಗಳಿಂದ ಸಕ್ಕರೆ ಮತ್ತು ಪರಿಮಳ ಸೋರಿ ಪಾತ್ರೆಯ ನೀರಿಗೆ ಸೇರುತ್ತವೆ. ಹೀಗೆ ಬೆಂದ ತಿರುಳು ನೋಡಲು ಗಟ್ಟಿಯಾಗಿಯೇ ಇರುತ್ತದೆ, ಆದರೆ ಓವನ್‌ನ ಶಾಖದಲ್ಲಿ ನಿಧಾನವಾಗಿ ನೀರು ಬಿಟ್ಟುಕೊಡುತ್ತದೆ. ಅಳತೆಯ ಪ್ರಕಾರ ಹಾಕಿದ ಹಾಲಿನ ಮೇಲೆ ಈ ಲೆಕ್ಕವಿಲ್ಲದ ನೀರೂ ಸೇರಿದಾಗ ಮೊಟ್ಟೆಯ ಬಲೆ ಅಷ್ಟನ್ನು ಹಿಡಿದಿಡಲಾರದು. ನಡುಭಾಗ ಇನ್ನೂ ತೆಳ್ಳಗಿದೆಯಲ್ಲ ಎಂದು ನಾವು ಇನ್ನೂ ಹತ್ತು ನಿಮಿಷ ಬೇಯಿಸುತ್ತೇವೆ, ಅಷ್ಟರಲ್ಲಿ ಅಂಚು ಹದ ಮೀರಿರುತ್ತದೆ. ಮೊದಲ ತಪ್ಪು ಎರಡನೆಯ ತಪ್ಪನ್ನು ಕೈಹಿಡಿದು ಕರೆತರುವುದು ಇಲ್ಲಿಯೇ.

ಆದ್ದರಿಂದ ಗೆಣಸನ್ನು ನೀರಿನಲ್ಲಿ ಬೇಯಿಸದೆ, ಸಿಪ್ಪೆಸಹಿತ ಇಡಿಯಾಗಿ ಓವನ್‌ನಲ್ಲಿ ಸುಡುವುದು ಉತ್ತಮ. ನಾಲ್ಕಾರು ಕಡೆ ಫೋರ್ಕ್‌ನಿಂದ ಚುಚ್ಚಿ, 200 ಡಿಗ್ರಿಯಲ್ಲಿ ಇಟ್ಟರೆ ಮಧ್ಯಮ ಗಾತ್ರದ ಗೆಣಸು ಸುಮಾರು ಒಂದು ಗಂಟೆಯಲ್ಲಿ ಮೆತ್ತಗಾಗುತ್ತದೆ. ಚುಚ್ಚಿದ ಕಡೆಗಳಿಂದ ಜಿನುಗಿದ ರಸ ಟ್ರೇಯ ಮೇಲೆ ಅಂಟಂಟಾಗಿ ಕಪ್ಪಾಗಿದ್ದರೆ ಸರಿಯಾಗಿ ಬೆಂದಿದೆ ಎಂದು ತಿಳಿಯಬಹುದು. ಸುಡುವುದರಿಂದ ನೀರು ಕಡಿಮೆಯಾಗುವುದು ಒಂದು ಲಾಭ, ರುಚಿ ಇನ್ನೊಂದು ಲಾಭ. ಗೆಣಸಿನಲ್ಲಿ ಬೀಟಾ ಅಮೈಲೇಸ್ ಎಂಬ ಕಿಣ್ವವಿದೆ. ತಿರುಳು ಸುಮಾರು 60ರಿಂದ 75 ಡಿಗ್ರಿಯ ನಡುವೆ ಇರುವಷ್ಟು ಹೊತ್ತು ಅದು ಪಿಷ್ಟವನ್ನು ಒಡೆದು ಮಾಲ್ಟೋಸ್ ಎಂಬ ಸಕ್ಕರೆಯನ್ನಾಗಿ ಮಾಡುತ್ತಾ ಹೋಗುತ್ತದೆ. ಇಡಿಯ ಗೆಣಸು ನಿಧಾನವಾಗಿ ಬಿಸಿಯಾಗುವುದರಿಂದ ಕಿಣ್ವಕ್ಕೆ ಬೇಕಾದಷ್ಟು ಸಮಯ ಸಿಗುತ್ತದೆ. ಮೈಕ್ರೋವೇವ್‌ನಲ್ಲಿ ಕೆಲವೇ ನಿಮಿಷಗಳಲ್ಲಿ ಬೆಂದ ಗೆಣಸು ಸಪ್ಪೆಯೆನಿಸುವುದು ಆ ಸಮಯ ಸಿಗದಿರುವುದರಿಂದ. ಓವನ್ ಅನ್ನು ಎರಡು ಸಲ ಬಿಸಿ ಮಾಡುವುದು ವ್ಯರ್ಥವೆಂದು ಅನ್ನಿಸಬಹುದು, ಆದರೆ ಈ ಸಿಹಿತಿನಿಸಿನ ಅರ್ಧ ರುಚಿ ಇರುವುದು ಈ ಒಂದು ಗಂಟೆಯಲ್ಲಿ ಎಂಬುದು ನನ್ನ ಗಟ್ಟಿಯಾದ ಅಭಿಪ್ರಾಯ. ಹಿಂದಿನ ದಿನವೇ ಸುಟ್ಟು ಫ್ರಿಜ್‌ನಲ್ಲಿ ಇಟ್ಟುಕೊಂಡರೂ ಅಡ್ಡಿಯಿಲ್ಲ.

ಸುಡಲು ಅನುಕೂಲವಿಲ್ಲದಿದ್ದರೆ ಸಿಪ್ಪೆಯ ಸಮೇತ ಹಬೆಯಲ್ಲಿ ಬೇಯಿಸಿ, ತಿರುಳನ್ನು ಮಸೆದು, ಅಗಲವಾದ ಬಾಣಲೆಯಲ್ಲಿ ಸಣ್ಣ ಉರಿಯ ಮೇಲೆ ಐದಾರು ನಿಮಿಷ ಕೈಯಾಡಿಸಿ. ಸೌಟಿನಿಂದ ಗೀರು ಎಳೆದರೆ ಬಾಣಲೆಯ ತಳ ಕಂಡು, ಆ ಗೀರು ಕೂಡಲೇ ಮುಚ್ಚಿಕೊಳ್ಳದಿದ್ದರೆ ಬೇಕಾದಷ್ಟು ನೀರು ಆರಿದೆ ಎಂದರ್ಥ. ಸುಟ್ಟ ತಿರುಳಾಗಲಿ, ಹಬೆಯಲ್ಲಿ ಬೆಂದ ತಿರುಳಾಗಲಿ, ಜರಡಿಯಲ್ಲಿ ಒತ್ತಿ ಸೋಸುವುದನ್ನು ಮಾತ್ರ ಬಿಡಬಾರದು. ಮಿಕ್ಸಿಯಲ್ಲಿ ಎಷ್ಟೇ ನುಣ್ಣಗೆ ರುಬ್ಬಿದರೂ ಗೆಣಸಿನ ಉದ್ದನೆಯ ನಾರುಗಳು ತುಂಡಾಗುತ್ತವೆಯೇ ಹೊರತು ಹೋಗುವುದಿಲ್ಲ, ಮತ್ತು ನುಣುಪೇ ಮುಖ್ಯವಾದ ತಿನಿಸಿನಲ್ಲಿ ಒಂದೇ ಒಂದು ನಾರು ಸಿಕ್ಕರೂ ಅದು ಗೊತ್ತಾಗುತ್ತದೆ.

ಅಳತೆಗಳನ್ನು ತೂಕದಲ್ಲಿಯೇ ಹೇಳುತ್ತೇನೆ, ಏಕೆಂದರೆ ‘ಎರಡು ಗೆಣಸು’ ಎಂಬ ಅಳತೆಗೆ ಅರ್ಥವಿಲ್ಲ. ಸುಮಾರು 500 ಗ್ರಾಂ ಹಸಿ ಗೆಣಸಿನಿಂದ ಸುಟ್ಟು ಸೋಸಿದ ತಿರುಳು 300 ಗ್ರಾಂನಷ್ಟು ಸಿಗುತ್ತದೆ. ಅದಕ್ಕೆ 350 ಮಿಲಿಲೀಟರ್ ಕೆನೆಸಹಿತ ಹಾಲು, 100 ಮಿಲಿಲೀಟರ್ ಕ್ರೀಮ್, 3 ಇಡೀ ಮೊಟ್ಟೆ, ಇನ್ನೆರಡು ಮೊಟ್ಟೆಗಳ ಹಳದಿ ಭಾಗ, 90 ಗ್ರಾಂ ಸಕ್ಕರೆ ಮತ್ತು ಕಾಲು ಚಮಚ ಉಪ್ಪು ಸೇರಿದರೆ 120 ಮಿಲಿಲೀಟರ್ ಹಿಡಿಸುವ ಎಂಟು ಬಟ್ಟಲುಗಳು ತುಂಬುತ್ತವೆ. ಬಿಳಿ ಲೋಳೆಯು ಬಟ್ಟಲಿನ ಆಕಾರ ಉಳಿಯುವಂತಹ ಗಟ್ಟಿತನ ಕೊಡುತ್ತದೆ, ಹಳದಿಯು ಬೆಣ್ಣೆಯಂತಹ ಮೃದುತ್ವ ಕೊಡುತ್ತದೆ. ಉಪ್ಪು ಬರಿಯ ರುಚಿಗಲ್ಲ: ಪ್ರೋಟೀನಿನ ಎಳೆಗಳು ಒಂದನ್ನೊಂದು ಹತ್ತಿರಕ್ಕೆ ಬಿಟ್ಟುಕೊಳ್ಳಲು ಲವಣಗಳು ಬೇಕು, ಹಾಲಿನಲ್ಲಿ ಅವು ಸಹಜವಾಗಿಯೇ ಇರುತ್ತವೆ, ಹಾಲಿನ ಬದಲು ಬರೀ ನೀರನ್ನು ಹಾಕಿ ಮಾಡಿದ ಕಸ್ಟರ್ಡ್ ಕಟ್ಟದಿರುವುದು ಇದೇ ಕಾರಣಕ್ಕೆ. ಪರಿಮಳಕ್ಕೆ ಚಕ್ಕೆಯ ಪುಡಿ, ಜಾಯಿಕಾಯಿ, ವೆನಿಲಾ ಇವುಗಳಲ್ಲಿ ಯಾವುದಾದರೂ ಒಂದು ಸಾಕು, ಮೂರನ್ನೂ ಸುರಿದರೆ ಗೆಣಸಿನ ರುಚಿಯೇ ಮುಚ್ಚಿಹೋಗುತ್ತದೆ.

ಹಾಲು ಮತ್ತು ಕ್ರೀಮನ್ನು ಹಬೆಯಾಡುವಷ್ಟು ಮಾತ್ರ ಬಿಸಿ ಮಾಡಿ, ಕುದಿಸುವುದು ಬೇಡ. ಮೊಟ್ಟೆ, ಸಕ್ಕರೆ ಮತ್ತು ಉಪ್ಪನ್ನು ಇನ್ನೊಂದು ಪಾತ್ರೆಯಲ್ಲಿ ನೊರೆಯೇಳದಂತೆ ಕಲಸಿ, ಬಿಸಿ ಹಾಲನ್ನು ಮೊದಲು ಒಂದೊಂದು ಸೌಟಿನಂತೆ, ಬಳಿಕ ಸಣ್ಣ ಧಾರೆಯಾಗಿ ಬೆರೆಸುತ್ತಾ ಹೋಗಬೇಕು. ಕೊನೆಯಲ್ಲಿ ಗೆಣಸಿನ ತಿರುಳನ್ನು ಸೇರಿಸಿ, ಇಡೀ ಮಿಶ್ರಣವನ್ನು ಮತ್ತೊಮ್ಮೆ ಜರಡಿಯಲ್ಲಿ ಹಾಯಿಸಬೇಕು. ನೊರೆ ಎದ್ದರೆ ಬೆಂದ ಮೇಲೆ ಮೇಲ್ಮೈಯಲ್ಲಿ ಗುಳಿಗಳು ಉಳಿಯುತ್ತವೆ, ಆದ್ದರಿಂದ ಹಾಗಾದಲ್ಲಿ ಕಾಲು ಗಂಟೆ ಬಿಟ್ಟು, ಮೇಲೆ ಬಂದ ಗುಳ್ಳೆಗಳನ್ನು ಚಮಚದಿಂದ ತೆಗೆದು ಬಟ್ಟಲುಗಳಿಗೆ ಸುರಿಯಿರಿ.

ಈಗ ಎರಡನೆಯ ಕಾರಣಕ್ಕೆ, ಅಂದರೆ ಓವನ್‌ನ ಶಾಖಕ್ಕೆ ಬರೋಣ. ಓವನ್ 160 ಡಿಗ್ರಿ ಇರಲಿ, ಫ್ಯಾನ್ ಇರುವ ಓವನ್ ಆದರೆ 145 ಸಾಕು. ಆಳವಾದ ಟ್ರೇಯ ತಳಕ್ಕೆ ಮಡಿಸಿದ ಬಟ್ಟೆಯೊಂದನ್ನು ಹಾಸಿ, ಅದರ ಮೇಲೆ ಬಟ್ಟಲುಗಳನ್ನು ಒಂದಕ್ಕೊಂದು ತಾಗದಂತೆ ಜೋಡಿಸಿ, ಟ್ರೇಯನ್ನು ಓವನ್‌ನಲ್ಲಿ ಇಟ್ಟ ಮೇಲೆ ಬಟ್ಟಲುಗಳ ಅರ್ಧ ಎತ್ತರಕ್ಕೆ ಬರುವಂತೆ ಬಿಸಿನೀರನ್ನು ಸುರಿಯಬೇಕು. ಈ ನೀರನ್ನು ಅನೇಕರು ಐಚ್ಛಿಕವೆಂದು ಭಾವಿಸಿ ಬಿಟ್ಟುಬಿಡುತ್ತಾರೆ, ಆದರೆ ಸುತ್ತಲಿನ ಗಾಳಿ 160 ಡಿಗ್ರಿ ಇದ್ದರೂ ಬಟ್ಟಲಿನ ಗೋಡೆಗೆ ತಾಗುವ ಶಾಖವನ್ನು 100ರ ಒಳಗೇ ಹಿಡಿದಿಡುವುದು ಈ ನೀರು. ಅದರ ಮೇಲ್ಮೈಯಿಂದ ಹಬೆ ಏಳುತ್ತಿರುವುದರಿಂದ ಅದು ಸಾಮಾನ್ಯವಾಗಿ ಕುದಿಯ ಹಂತವನ್ನೂ ಮುಟ್ಟುವುದಿಲ್ಲ. ಹೀಗಾಗಿ ಅಂಚು ಮತ್ತು ನಡುಭಾಗ ಹೆಚ್ಚು ಕಡಿಮೆ ಜೊತೆಜೊತೆಯಾಗಿ ಬೇಯುತ್ತವೆ. ತಣ್ಣೀರು ಸುರಿದರೆ ಅದು ಬಿಸಿಯಾಗುವುದಕ್ಕೇ ಬಹಳ ಹೊತ್ತು ಹಿಡಿದು ಸಮಯದ ಲೆಕ್ಕ ತಪ್ಪುತ್ತದೆ. ಟ್ರೇಯನ್ನು ಪೂರ್ತಿಯಾಗಿ ಬಿಗಿದು ಮುಚ್ಚಿದರೆ ಹಬೆ ಹೊರಹೋಗದೆ ನೀರು ಕುದಿಯತೊಡಗುತ್ತದೆ, ಆದ್ದರಿಂದ ಬಟ್ಟಲುಗಳ ಮೇಲೆ ಒಂದು ಹಾಳೆಯನ್ನು ಸಡಿಲವಾಗಿ ಹರಡಿದರೆ ಸಾಕು.

ಸಣ್ಣ ಬಟ್ಟಲುಗಳಿಗೆ 35ರಿಂದ 45 ನಿಮಿಷ, ಒಂದೇ ದೊಡ್ಡ ಪಾತ್ರೆಗಾದರೆ ಒಂದು ಗಂಟೆಯ ಆಸುಪಾಸು ಬೇಕಾಗುತ್ತದೆ. ಆದರೆ ಗಡಿಯಾರವನ್ನು ನಂಬಬೇಡಿ, 30ನೆಯ ನಿಮಿಷದಿಂದಲೇ ನೋಡತೊಡಗಿ. ಬಟ್ಟಲನ್ನು ಮೆಲ್ಲಗೆ ಅಲುಗಿಸಿದಾಗ ಅಂಚು ನಿಂತು, ನಡುವಿನ ಒಂದು ರೂಪಾಯಿ ನಾಣ್ಯದಷ್ಟು ಜಾಗ ಗಟ್ಟಿ ಮೊಸರಿನಂತೆ ನಡುಗಿದರೆ ಅದೇ ಹದ. ಅಲೆ ಎದ್ದರೆ ಇನ್ನೂ ಬೇಯಬೇಕು. ಏನೂ ಅಲುಗದಿದ್ದರೆ ಹದ ಆಗಲೇ ಮೀರಿದೆ. ಅಡುಗೆಯ ಥರ್ಮಾಮೀಟರ್ ಇದ್ದರೆ ನಡುಭಾಗ 78 ಡಿಗ್ರಿ ತೋರಿಸಿದ ಕೂಡಲೇ ಹೊರತೆಗೆಯಿರಿ. ಬಟ್ಟಲುಗಳನ್ನು ಬಿಸಿನೀರಿನಲ್ಲಿಯೇ ಬಿಡದೆ ಬೇರೆಡೆಗೆ ಎತ್ತಿಡುವುದೂ ಅಷ್ಟೇ ಮುಖ್ಯ, ಏಕೆಂದರೆ ಒಳಗಿರುವ ಶಾಖದಿಂದ ಅದು ಹೊರಗೆ ಬಂದ ಮೇಲೂ ಸ್ವಲ್ಪ ಹೊತ್ತು ಬೇಯುತ್ತಲೇ ಇರುತ್ತದೆ. ಚಾಕು ಚುಚ್ಚಿ ಶುಚಿಯಾಗಿ ಬರುವವರೆಗೆ ಬೇಯಿಸುವ ರೂಢಿ ನಿಮ್ಮದಾಗಿದ್ದರೆ, ನಡುವೆ ಚುಚ್ಚದೆ ಅಂಚು ಮತ್ತು ನಡುವಿನ ಮಧ್ಯದಲ್ಲಿ ಚುಚ್ಚಿ ನೋಡಿ. ಕೇಕ್‌ನಂತೆ ನಡುಭಾಗವೂ ಪೂರ್ತಿ ಬೆಂದು ಬರಲೆಂದು ಕಾಯುವುದೇ ಬಹುಮಂದಿಯ ಕಸ್ಟರ್ಡ್ ಒಡೆಯಲು ಕಾರಣ.

ಕಿತ್ತಳೆ ಬಣ್ಣದ ತಿರುಳಿನ ಗೆಣಸು ಹೆಚ್ಚು ಸಿಹಿಯಾಗಿ, ತೇವವಾಗಿ ಇರುತ್ತದೆ. ಅದಕ್ಕೆ ಸಕ್ಕರೆಯನ್ನು 70 ಗ್ರಾಂಗೆ ಇಳಿಸಬಹುದು. ಬಿಳಿ ತಿರುಳಿನದರಲ್ಲಿ ಪಿಷ್ಟ ಹೆಚ್ಚಾಗಿರುವುದರಿಂದ ಕಸ್ಟರ್ಡ್ ದಪ್ಪನಾಗುತ್ತದೆ, ಹಾಲನ್ನು ಎರಡು ಮೂರು ಚಮಚ ಹೆಚ್ಚಿಸಿದರೆ ಸರಿಹೋಗುತ್ತದೆ. ನೇರಳೆ ತಿರುಳಿನ ಗೆಣಸು ಚೆಂದ ಕಾಣುತ್ತದೆಂದು ಆಸೆಪಟ್ಟು ಬಳಸುವವರು ಒಂದು ಮಾತು ತಿಳಿದಿರಬೇಕು: ಮೊಟ್ಟೆಯ ಬಿಳಿ ಲೋಳೆ ಕ್ಷಾರೀಯವಾದದ್ದು, ಅದು ಸೇರಿದಾಗ ಆ ನೇರಳೆ ಬಣ್ಣ ನೀಲಿಗೋ ಬೂದುಗೋ ತಿರುಗಬಹುದು. ರುಚಿಗೆ ಇದರಿಂದ ಯಾವ ಕೇಡೂ ಇಲ್ಲ.

ಬಟ್ಟಲುಗಳು ಕೈಗೆ ಬಿಸಿ ತಾಗದಷ್ಟು ಆರಿದ ಮೇಲೆ, ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ, ಕನಿಷ್ಠ ನಾಲ್ಕು ಗಂಟೆ ಬಿಡಿ. ಬಲೆ ಪೂರ್ತಿಯಾಗಿ ನೆಲೆಗೊಳ್ಳುವುದು ತಣ್ಣಗಾದಾಗಲೇ. ಮೂರು ದಿನದೊಳಗೆ ತಿಂದು ಮುಗಿಸಬೇಕು. ಫ್ರೀಜರ್‌ನಲ್ಲಿ ಮಾತ್ರ ಇಡಬೇಡಿ, ನೀರು ಹರಳುಗಟ್ಟಿ ಬಲೆಯನ್ನು ಹರಿದುಬಿಡುತ್ತದೆ, ಕರಗಿದ ಮೇಲೆ ನೀವು ಈಗ ದೂರುತ್ತಿರುವ ಅದೇ ನೀರು ಮತ್ತೆ ತಳದಲ್ಲಿ ನಿಲ್ಲುತ್ತದೆ. ಈಗಾಗಲೇ ಒಡೆದ ಕಸ್ಟರ್ಡ್ ನಿಮ್ಮ ಬಳಿ ಇದ್ದರೆ ಅದನ್ನು ಎಸೆಯುವುದೂ ಬೇಡ, ಮತ್ತೆ ಓವನ್‌ಗೆ ಇಡುವುದೂ ಬೇಡ. ಬಿಟ್ಟ ನೀರಿನ ಸಮೇತ ನಾಲ್ಕು ಚಮಚ ತಣ್ಣನೆಯ ಕ್ರೀಮ್ ಸೇರಿಸಿ ಮಿಕ್ಸಿಯಲ್ಲಿ ತಿರುಗಿಸಿ, ಜರಡಿಯಲ್ಲಿ ಸೋಸಿದರೆ ಹಣ್ಣಿನ ಹೋಳುಗಳ ಮೇಲೆ ಸುರಿಯಲು ಒಳ್ಳೆಯ ಗಟ್ಟಿ ಸಾಸ್ ಆಗುತ್ತದೆ.